ಪುಸ್ತಕ ಓದಿದಂಗ

ಜನವರಿ 6, 2025, ಸೋಮವಾರ

ಈ ಹಳದಿ ಪುಸ್ತಕ ಕಲ್ಲು ಪರೀಕ್ಷೆ ಮಾಡುವ ಪ್ರಿಸ್ಕಾ ಮೇಡಂ ಕೊಟ್ಟಿದ್ದು. ನೀರು ಬಿದ್ದರೂ ಹಾಳಾಗದ ಕಾಗದವಂತೆ. ಪೆಟ್ಟಿಗೆ ನಂಬರ್ ಬರೆದುಕೊಳ್ಳಲು ಎಂದು ಎರಡು ಕೊಟ್ಟರು. ಒಂದರಲ್ಲಿ ನಂಬರ್ ಬರೆಯುತ್ತೇನೆ, ಇನ್ನೊಂದನ್ನು ಮನೆಗೆ ತಂದಿದ್ದೇನೆ. ಕಳ್ಳಿ ಅನ್ನುವವರು ಅನ್ನಲಿ. ಗಂಡ ಹೊಳೆಪ್ಪ ತೀರಿಕೊಂಡ ಮೇಲೆ ಸಾವರ್ಡೆಯ ಈ ಖೋಲಿಯಲ್ಲಿ ಸಂಜೆ ಹೊತ್ತು ಬೈಯಲು ಯಾರೂ ಇಲ್ಲ. ಇನ್ನು ಮೇಲೆ ಇದರೊಳಗೆ ಬೈಯುತ್ತೇನೆ. ಬಾಯ್ನಾ ಸಮುದ್ರದಂಡೆಯ ಕನ್ನಡ ಶಾಲೆಯಲ್ಲಿ ಒಂಬತ್ತನೇ ಇಯತ್ತೆವರೆಗೆ ಓದಿದ್ದು ಇದಕ್ಕಾದರೂ ಬರಲಿ.

ಕೆಲಸ ಏನೆಂದರೆ, ಮೊಲೆಂ ದಾರಿಯ ಮೇಲಿನ ಎತ್ತರದ ಗುಡ್ಡದಲ್ಲಿ, ಯಾರದೋ ಗೇರು ತೋಟದ ನೆತ್ತಿಯ ಮೇಲೆ ಮಷಿನ್ ಇಟ್ಟು ನೆಲಕ್ಕೆ ತೂತು ಕೊರೆಯುತ್ತಾರೆ. ನೀರಿಗಲ್ಲ, ಅದಿರಿಗೂ ಅಲ್ಲ. ಒಳಗಿನ ಕಲ್ಲು ಹೇಗಿದೆ ಎಂದು ನೋಡಲಿಕ್ಕೆ. ಕೊಳವೆಯಿಂದ ಕಲ್ಲು ಚಪಾತಿ ಲಟ್ಟಣಿಗೆಯಷ್ಟು ದಪ್ಪದ ಕೋಲಾಗಿ ಮೇಲೆ ಬರುತ್ತದೆ. ಕೋರ್ ಅನ್ನುತ್ತಾರೆ. ತುಂಡುತುಂಡಾಗಿ ಬಂದದ್ದನ್ನು ಬಂದ ಕ್ರಮದಲ್ಲೇ ಐದು ಸಾಲಿನ ಮರದ ಪೆಟ್ಟಿಗೆಯಲ್ಲಿ ಜೋಡಿಸಿ, ಪೆಟ್ಟಿಗೆಗೆ ನಂಬರ್ ಹಾಕುವುದು ನನ್ನ ಪಾಲಿನ ಕೆಲಸ. ಸಂಜೆ ಡ್ರೈವರ್ ಮುಜಫ್ಫರ ಅವನ್ನು ಜೀಪಿನಲ್ಲಿ ಸಾವರ್ಡೆಯ ಶೆಡ್ಡಿಗೆ ತರುತ್ತಾನೆ. ಮೊದಲು ಗಣಿ ಲಾರಿ ರಿಪೇರಿ ಮಾಡುತ್ತಿದ್ದ ಶೆಡ್ಡು ಅದು. ಈಗಲೂ ಗ್ರೀಸ್ ವಾಸನೆ ಹೋಗಿಲ್ಲ.

ಎಲ್ಲ ಯುಗಾದಿವರೆಗೆ ಮಾತ್ರ. ಬಾದಾಮಿ ಕಡೆ ಅಣ್ಣ ಹುಲಿಗೆಪ್ಪ ನನಗೆಂದೇ ಒಂದು ಖೋಲಿ ಹೆಚ್ಚಿಗೆ ಕಟ್ಟಿಸಿದ್ದಾನೆ. ಬರುತ್ತೇನೆ ಎಂದಿದ್ದೇನೆ. ನನ್ನ ಗಂಟಂತೂ ಕಟ್ಟಿಯೇ ಇದೆ. 2004ರಲ್ಲಿ ಸರಕಾರದವರು ಬಾಯ್ನಾದ ನಮ್ಮ ಮನೆಗಳನ್ನು ಒಡೆದಾಗ ಕೈಗೆ ಸಿಕ್ಕಿದ್ದನ್ನು ಗೋಣಿಚೀಲಕ್ಕೆ ತುಂಬಿ, ದಂಡೆಯ ಮೇಲೆ ಬಿದ್ದಿದ್ದ ಮೀನುಗಾರರ ನೀಲಿ ಹಗ್ಗದಿಂದ ಬಿಗಿದು ಹೊರಟವಳು ನಾನು. ಆಮೇಲೆ ಐದು ಮನೆ ಬದಲಾದವು. ಆ ಗಂಟನ್ನು ಮಾತ್ರ ಪೂರ್ತಿ ಬಿಚ್ಚಿಲ್ಲ. ಮತ್ತೆ ಯಾವಾಗ ಯಾರು ಏಳು ಅನ್ನುತ್ತಾರೋ. ಹೊಳೆಪ್ಪ ಅದರ ಮೇಲೆ ಕೂತೇ ಚಹಾ ಕುಡಿಯುತ್ತಿದ್ದ.

ಜನವರಿ 8, ಬುಧವಾರ

ಸಹಾಯಕ್ಕೆ ಒಬ್ಬಳನ್ನು ಕೊಟ್ಟಿದ್ದಾರೆ. ಮುಬಶ್ಶಿರಾ. ನಮ್ಮ ಸಾಲಿನ ಕೊನೆಯ ಖೋಲಿಯ ಜೈತುನಬಿಗೆ ತಂಗಿಯ ಮಗಳು. ಇಪ್ಪತ್ತೊಂದು ವರ್ಷ, ಜೋರಾಗಿ ಗಾಳಿ ಬೀಸಿದರೆ ಹಾರಿಹೋಗುವಂತಿದ್ದಾಳೆ. ಕಲ್ಲು ಎತ್ತುವ ಕೆಲಸಕ್ಕೆ ಇವಳು!

"ಸಾಲಿ ಕಲ್ತೀಯೇನ?" ಅಂದೆ.

"ಹತ್ತನೇ ಪಾಸ್ ಆಗೇನ್ರಿ ಅಕ್ಕಾ."

ನನಗಿಂತ ಒಂದು ಇಯತ್ತೆ ಹೆಚ್ಚು. ಅದಕ್ಕೂ ಸಿಟ್ಟು ಬಂತು.

"ನೋಡ, ಭಾಳ ತೆಲಿ ಓಡಿಸಬ್ಯಾಡ. ತುಂಡು ಹೆಂಗ ಬರತಾವ ಹಂಗ, ಪುಸ್ತಕ ಓದಿದಂಗ ಇಡು. ಒಂದ ಸಾಲು ಮುಗೀತಂದ್ರ ಕೆಳಗಿನ ಸಾಲು. ತಿಳೀತಿಲ್ಲೋ?"

"ಪುಸ್ತಕ ಓದಿದಂಗ," ಎಂದು ಅವಳೂ ಅಂದಳು. "ತಿಳೀತ್ರಿ."

ಮೇಡಂ ನನಗೆ ಅರ್ಧ ಗಂಟೆ ವಿವರಿಸಿದ್ದನ್ನು ನಾನು ಒಂದೇ ಮಾತಿನಲ್ಲಿ ಕಲಿಸಿದೆ. ಕಲಿಸುವುದೆಂದರೆ ಹೀಗಿರಬೇಕು. ಅವಳು ಜೋಡಿಸುತ್ತಿರುವಾಗ ನಾನು ತಿರುಗಿ ಕೂತು ಪೆಟ್ಟಿಗೆಗಳಿಗೆ ನಂಬರ್ ಬರೆದೆ. ಅವಳು ದಣಿದಾಗ ಮುಂದಿನ ಸಾಲುಗಳನ್ನು ನಾನು ಇಟ್ಟೆ.

ಜನವರಿ 13, ಸೋಮವಾರ

ಊಟದ ಹೊತ್ತಿಗೆ ಮೇಡಂ ಕಲ್ಲಿನ ಜಾತಕ ಹೇಳಿದರು. ಅವರು ಆಡುವುದು ಅರ್ಧ ಹಿಂದಿ, ಅರ್ಧ ಕೊಂಕಣಿ. ನನಗೆ ತಿಳಿದಷ್ಟನ್ನು ಕನ್ನಡದಲ್ಲಿ ಬರೆದುಕೊಳ್ಳುತ್ತೇನೆ. ಈ ಗುಡ್ಡದ ಕಲ್ಲೆಲ್ಲ ಒಂದು ಕಾಲಕ್ಕೆ ಸಮುದ್ರದ ತಳಕ್ಕೆ ಇಳಿದ ಮರಳು, ಕೆಸರು. ಪದರದ ಮೇಲೆ ಪದರ ಕೂತು, ಒತ್ತಿಕೊಂಡು, ಕಾದು ಗಟ್ಟಿಯಾಗಿದ್ದು. ವಯಸ್ಸು ಇನ್ನೂರೈವತ್ತು ಕೋಟಿ ವರ್ಷಕ್ಕೂ ಹೆಚ್ಚು.

"ನಮ್ಮಪ್ಪ ಬದಾಮಿ ಕಲ್ಲು ಬಿಡಸ್ತಿದ್ದರಿ. ಅದೂ ಪದರದ್ದ ಐತಿ," ಅಂದೆ, ಬಿಟ್ಟುಕೊಡಬಾರದು ಎಂದು.

ಮೇಡಂ ನಕ್ಕರು. ಇದರ ಮುಂದೆ ಅದು ಕೂಸಂತೆ. ಬಾದಾಮಿ ಬಂಡೆಯನ್ನು ಕೂಸು ಅಂದವರನ್ನು ನಾನು ನೋಡಿದ್ದು ಇದೇ ಮೊದಲು.

ಒಂದೊಂದು ಪದರದಲ್ಲೂ ದಪ್ಪ ಮರಳು ತಳಕ್ಕೆ, ಸಣ್ಣದು ಮೇಲಕ್ಕೆ ಇರುತ್ತದೆ ಎಂದೂ ಹೇಳಿದರು. ಇದನ್ನು ತಿಳಿಯಲು ಕಾಲೇಜು ಬೇಕೇ? ಕಟ್ಟಡದ ಕೆಲಸದಲ್ಲಿ ಮರಳಿನೊಳಗೆ ಮಣ್ಣು ಎಷ್ಟಿದೆ ಎಂದು ನೋಡಲು ಮೇಸ್ತ್ರಿ ಗಾಜಿನ ಬಾಟಲಿಯಲ್ಲಿ ಮರಳು, ನೀರು ಹಾಕಿ ಅಲುಗಾಡಿಸಿ ಇಡುತ್ತಿದ್ದ. ದಪ್ಪದ್ದು ಮೊದಲು ಬೀಳುತ್ತಿತ್ತು, ಮಣ್ಣು ಕೊನೆಗೆ ಮೇಲೆ ಕೆನೆಯಂತೆ ಕೂರುತ್ತಿತ್ತು. ಹುಡುಗಿ ನಂಬಲಿಲ್ಲ. ಮನೆಗೆ ಬಂದು ಗಂಟಿನ ಬಾಯಿ ಸಡಿಲಿಸಿ ಅವ್ವನ ಉಪ್ಪಿನಕಾಯಿಯ ಗಾಜಿನ ಭರಣಿ ಹೊರಗೆ ತೆಗೆದೆ. ನಾಳೆ ಒಯ್ದು ತೋರಿಸಬೇಕು. ತೋರಿಸಿ ಮತ್ತೆ ಗಂಟಿಗೆ ಸೇರಿಸಬೇಕು.

ಜನವರಿ 22, ಬುಧವಾರ

ಹುಡುಗಿಗೆ ಜ್ವರ, ಬರಲಿಲ್ಲ. ಇಪ್ಪತ್ಮೂರು, ಇಪ್ಪತ್ನಾಲ್ಕು ಪೆಟ್ಟಿಗೆ ಒಬ್ಬಳೇ ಇಟ್ಟೆ. ಸೊಂಟ ಹೋಯಿತು. ಮೇಡಂ ಭೂತಗನ್ನಡಿ ಹಿಡಿದು ಕಲ್ಲನ್ನೇ ನೋಡಿದರು, ಪಕ್ಕದಲ್ಲಿ ಒಬ್ಬ ಹೆಂಗಸು ಸಾಯುತ್ತಿರುವುದು ಅವರಿಗೆ ಕಾಣಲಿಲ್ಲ. ಆ ಭೂತಗನ್ನಡಿ ಕಸಿದುಕೊಂಡು ಗುಡ್ಡದ ಕೆಳಗೆ ಎಸೆಯಬೇಕು.

ಜನವರಿ 29, ಬುಧವಾರ

ಇವತ್ತು ಶೆಡ್ಡಿನಲ್ಲಿ ಮೇಡಂ ಕುಣಿಯುವುದೊಂದು ಬಾಕಿ. ಡಬ್ಬಿಯಲ್ಲಿ ಬೆಬಿಂಕಾ ತಂದಿದ್ದರು. ಏಳು ಪದರದ ಆ ಸಿಹಿಯನ್ನು ಅವರ ತಾಯಿ ಒಂದೊಂದೇ ಪದರ ಬೇಯಿಸಿ ಮಾಡಿದ್ದಂತೆ. ತಿನ್ನಲು ಬಿಡದೆ ಮೊದಲು ಪಾಠ ಮಾಡಿದರು.

ಪೆಟ್ಟಿಗೆಗಳಲ್ಲಿ ಕೆಲವು ಸಾಲಿನ ಪದರಗಳು ಸರಿಯಾಗಿವೆ, ದಪ್ಪ ಮರಳು ಕೆಳಗೆ, ಸಣ್ಣದು ಮೇಲೆ. ಇನ್ನು ಕೆಲವು ಸಾಲುಗಳಲ್ಲಿ ತಲೆಕೆಳಗು. ಅಂದರೆ ನೆಲದೊಳಗೆ ಈ ಬಂಡೆ ಮತ್ತೆ ಮತ್ತೆ ಮಡಚಿಕೊಂಡಿದೆ. ಈ ಗುಡ್ಡದಲ್ಲಿ ಹೀಗಿದೆಯೆಂದು ಇದುವರೆಗೆ ಯಾರೂ ಹೇಳಿಲ್ಲವಂತೆ. ತೋರಿಸಲೆಂದು ಬೆಬಿಂಕಾ ತುಂಡನ್ನು ಮಡಚಲು ಹೋದರು, ಅದು ಮುರಿದು ಅವರ ಮಡಿಲಿಗೆ ಬಿತ್ತು.

"ತಿನ್ನೂದು ಮಡಚತೈತೇನ್ರಿ ಮೇಡಂ? ನಮ್ಮ ಕೌದಿ ತರತೇನಿ ತಡೀರಿ," ಅಂದೆ.

ಮಧ್ಯಾಹ್ನ ಮನೆಗೆ ಓಡಿಹೋಗಿ, ಹಳೆ ಸೀರೆಗಳ ಮೇಲೆ ಹಳೆ ಸೀರೆ ಇಟ್ಟು ಅವ್ವ ಹೊಲಿದ ಕೌದಿಯನ್ನು ಗಂಟಿನಿಂದ ಎಳೆದು ತಂದೆ. ಮಡಚಿದರೆ ಮೇಲಿನ ಹಸಿರು ಸೀರೆ ಒಳಗೆ ಹೋಗಿ, ತಳದ ಕೆಂಪು ಸೀರೆ ಮೇಲೆ ಬಂತು. ಮೇಡಂ ನಿಂತಲ್ಲೇ ಚಪ್ಪಾಳೆ ತಟ್ಟಿದರು. ಫೆಬ್ರುವರಿ ಕೊನೆಗೆ ಪಣಜಿಯಿಂದ ಅವರ ದೊಡ್ಡ ಸಾರ್ ಬರುತ್ತಾರೆ, ಆಗ ಈ ಕೌದಿಯನ್ನೇ ಹಾಸಿ ತೋರಿಸೋಣ, ಇಲ್ಲೇ ಇರಲಿ ಎಂದರು. ಇರಲಿ ಬಿಡು, ಮೊಣಕಾಲಿಗೂ ಮೆತ್ತಗಾಗುತ್ತದೆ.

ಒಂದು ಮಾತು ಹೇಳಿದರು, ಅದು ತಲೆಯಲ್ಲೇ ಕೂತಿದೆ. "ಎಂಟು ವರ್ಷದಿಂದ ನಾನೂ ನಿಮ್ಮ ಹಾಗೇ ಅಂಬಿಕಾ, ವರ್ಷವರ್ಷ ಕಾಂಟ್ರ್ಯಾಕ್ಟ್. ಈ ಕಲ್ಲು ನನ್ನನ್ನು ಕಾಯಂ ಮಾಡಬಹುದು."

ಫೆಬ್ರುವರಿ 2, ಭಾನುವಾರ

ಬಾಗಿಲು ಹಾಕಿಕೊಂಡು ಬರೆಯುತ್ತಿದ್ದೇನೆ.

ಬೆಳಿಗ್ಗೆ ಜೈತುನಬಿಯ ಖೋಲಿಗೆ ಹೋಗಿದ್ದೆ. ಅವಳ ಕಣ್ಣಿಗೆ ಪೊರೆ ಬಂದಿದೆ. ಉರ್ದು ತಿಂಗಳ ಪತ್ರಿಕೆಯ ಧಾರಾವಾಹಿಯನ್ನು ಹುಡುಗಿಯಿಂದ ಓದಿಸಿಕೊಳ್ಳುತ್ತಾಳೆ. "ಆ ಅತ್ತಿ ಸೊಸಿಗೆ ಬಂಗಾರ ಕೊಟ್ಲೋ ಇಲ್ಲೋ, ಅಷ್ಟ ಹೇಳಿ ಹೋಗಬೆ," ಎಂದು ಮುಬಶ್ಶಿರಾಳ ದುಪಟ್ಟಾ ಹಿಡಿದು ಕೂರಿಸಿದಳು. ಹುಡುಗಿ ಪತ್ರಿಕೆಯನ್ನು ಹಿಂದಿನಿಂದ ತೆರೆದಳು.

"ಏ, ಅದು ಕಡೀ ಪುಟ. ಮೊದಲಿಂದ ಓದ," ಅಂದೆ ನಗುತ್ತ.

"ಇದ ಮೊದಲಿಂದ್ರಿ ಅಕ್ಕಾ. ನಾ ಕಲ್ತಿದ್ದು ಉರ್ದು ಸಾಲ್ಯಾಗ. ನಮ್ದು ಬಲಗಡಿಯಿಂದ ಎಡಕ ಓದೂದು."

ಜೈತುನಬಿ ಚಹಾ ಕೊಟ್ಟಳು. ಕುಡಿದೆನೋ ಬಿಟ್ಟೆನೋ ಗೊತ್ತಿಲ್ಲ. ಹುಡುಗಿಯ ಬೆರಳು ಸಾಲಿನ ಬಲತುದಿಯಿಂದ ಎಡಕ್ಕೆ, ಮತ್ತೆ ಕೆಳಗಿನ ಸಾಲಿನ ಬಲತುದಿಯಿಂದ ಎಡಕ್ಕೆ ಹೋಗುತ್ತಿತ್ತು. ಪುಸ್ತಕ ಓದಿದಂಗ.

ಫೆಬ್ರುವರಿ 3, ಸೋಮವಾರ

ಮೇಡಂ ಬರುವ ಮೊದಲೇ ಶೆಡ್ಡಿಗೆ ಹೋಗಿ ಹದಿನಾಲ್ಕನೇ ಪೆಟ್ಟಿಗೆ ತೆರೆದೆ. ಎರಡನೇ ಸಾಲಿನ ಕೊನೆಯ ತುಂಡಿನ ಒಡಕು ತುದಿಗೆ ಮೂರನೇ ಸಾಲಿನ ಎಡತುದಿಯ ತುಂಡು ಕೂಡಲಿಲ್ಲ. ಬಲತುದಿಯದನ್ನು ಹಿಡಿದೆ. ಮುಚ್ಚಳ ಕೂತ ಹಾಗೆ ಕೂತಿತು. ಬಲದಿಂದ ಇಟ್ಟ ಸಾಲನ್ನು ಮೇಡಂ ಎಡದಿಂದ ಓದಿದ್ದಾರೆ, ಅದಕ್ಕೇ ಪದರ ತಲೆಕೆಳಗು ಕಂಡಿದೆ.

ಮೊದಲಿದ್ದ ಹಾಗೇ ಇಟ್ಟು ಬಂದೆ.

ಫೆಬ್ರುವರಿ 5, ಬುಧವಾರ

ಕಲ್ಲು ಇನ್ನೂರೈವತ್ತು ಕೋಟಿ ವರ್ಷ ಸುಮ್ಮನೆ ಮಲಗಿತ್ತು. ನೆಟ್ಟಗಿದ್ದರೇನು, ಮಡಚಿದ್ದರೇನು, ಯಾರ ಮನೆ ಬೀಳುತ್ತದೆ? ಮೇಡಂ ಕಾಯಂ ಆಗುತ್ತಾರೆ. ಹುಡುಗಿಯ ಕೆಲಸ ಉಳಿಯುತ್ತದೆ. ನಾನು ಯುಗಾದಿಗೆ ಅಣ್ಣನ ಮನೆ ಸೇರುತ್ತೇನೆ. ನಾನು ಬಾಯಿ ಮುಚ್ಚಿಕೊಂಡಿದ್ದರೆ ಎಲ್ಲರಿಗೂ ಒಳ್ಳೆಯದೇ ಆಗುತ್ತದೆ.

ಗುಡ್ಡದ ಮೇಲೆ ಹುಡುಗಿ ಇವತ್ತೂ ಬಲದಿಂದಲೇ ಇಡುತ್ತಿದ್ದಳು. "ಎಡಗಡಿಯಿಂದ ಇಡು," ಅಂದೆ. ಯಾಕ್ರಿ ಅಂದಳು. "ಹೇಳಿದಷ್ಟು ಮಾಡ!" ಎಂದು ಗದರಿಸಿದೆ. ಕಣ್ಣಲ್ಲಿ ನೀರು ತಂದುಕೊಂಡಳು. ನನ್ನ ತಪ್ಪಿಗೆ ಅವಳನ್ನು ಅಳಿಸಿದೆ, ಎಂಥ ದೊಡ್ಡಸ್ತಿಕೆ ನನ್ನದು.

ಫೆಬ್ರುವರಿ 8, ಶನಿವಾರ

ನಲವತ್ತನೇ ಪೆಟ್ಟಿಗೆಗೆ ಮಷಿನ್ ನಿಂತಿತು. ಇನ್ನೂರು ಮೀಟರ್. ಇನ್ನು ಶೆಡ್ಡಿನಲ್ಲಿ ಒರೆಸಿ, ಫೋಟೋ ತೆಗೆಯುವ ಕೆಲಸವಷ್ಟೇ.

ಮೇಡಂ ದೊಡ್ಡ ಸಾರ್‌ಗೆ ತೋರಿಸಲು ಬಣ್ಣದ ಚಿತ್ರ ಬರೆದಿದ್ದಾರೆ. ಹಾವಿನ ಹಾಗೆ ಮಡಚಿಕೊಂಡ ಬಂಡೆ. ಹೇಗಿದೆ ಅಂಬಿಕಾ ಎಂದು ಕೇಳಿದರು. ಭಾಳ ಚಲೋ ಐತ್ರಿ ಅಂದೆ. ನನ್ನ ನಾಲಿಗೆಗೆ ಹುಳ ಬೀಳಲಿ.

ಫೆಬ್ರುವರಿ 12, ಬುಧವಾರ

ಅಣ್ಣ ಫೋನ್ ಮಾಡಿದ. "ಬಾಗಿಲಿಗೆ ಬಣ್ಣ ಹಚ್ಚಾಕತ್ತೇವಿ. ಹಸರ ಬೇಕೋ, ನೀಲಿ ಬೇಕೋ?" ಯುಗಾದಿವರೆಗೂ ಯಾಕೆ, ನಾಳೆಯೇ ಬರಲೇನು ಅಂದೆ. ಅಷ್ಟು ಅವಸರ ಯಾಕೆ, ಏನಾತು ಅಂದ. ಏನೂ ಆಗಿಲ್ಲ ಅಂದೆ.

ಫೋನಿಟ್ಟು ಗಂಟು ಬಿಗಿಯಲು ಕೂತೆ. ಒಳಗೆ ಅರ್ಧ ಖಾಲಿ. ಭರಣಿ ಶೆಡ್ಡಿನ ಕಿಟಕಿಯಲ್ಲಿ, ಕೌದಿ ಶೆಡ್ಡಿನ ನೆಲದ ಮೇಲೆ. ಅವ್ವನ ಕೌದಿ ಬಿಟ್ಟು ಹೋಗುವುದು ಹೇಗೆ? ತರಲು ಹೋದೆ.

ಮುಬಶ್ಶಿರಾ ಕೌದಿಯ ಮೇಲೆ ಕೂತು ಹದಿನಾರನೇ ಪೆಟ್ಟಿಗೆಯ ತುಂಡುಗಳನ್ನು ಒಂದಕ್ಕೊಂದು ಹಿಡಿದು ನೋಡುತ್ತಿದ್ದಳು. ನನ್ನನ್ನು ಕಂಡು ತಲೆಯೆತ್ತಿದಳು.

"ಅಕ್ಕಾ, ನಾ ಉಲ್ಟಾ ಇಟ್ಟೇನ್ರೇನು?"

ನಾನು ಅವಳ ಕೈಯಿಂದ ತುಂಡು ತೆಗೆದು ಪೆಟ್ಟಿಗೆಯಲ್ಲಿಟ್ಟೆ.

"ನೀವು ಎಡಗಡಿಯಿಂದ ಅಂದಾಗಿಂದ ತೆಲ್ಯಾಗ ಅದ ಕುಂತೈತ್ರಿ. ನಾಡದಾ ಮೇಡಂ ಬರ್ತಾರಲ್ರೀ, ಅವರಿಗೆ ನಾನ ಹೇಳತೇನಿ. ತಪ್ಪು ನಂದು. ನಿಮ್ಮ ಹೆಸರು ತರಂಗಿಲ್ಲ."

ನನ್ನ ಹೆಸರು ತರುವುದಿಲ್ಲವಂತೆ! ನಾನು ಅವಳಿಗೆ ಹೇಳಿದ್ದು ಒಂದೇ ಮಾತು. ಅದನ್ನು ಅವಳು ಅಕ್ಷರಕ್ಕೆ ಅಕ್ಷರ ಪಾಲಿಸಿದ್ದಾಳೆ. ಕೌದಿ ಅಲ್ಲೇ ಬಿಟ್ಟು ಬಂದೆ. ಅವಳು ಕೂತಿದ್ದಳಲ್ಲ, ಎಬ್ಬಿಸಿ ತರುವುದು ಹೇಗೆ.

ಫೆಬ್ರುವರಿ 14, ಶುಕ್ರವಾರ

ಹೇಳಿದೆ.

ಮುಬಶ್ಶಿರಾ ಬಾಯಿ ತೆರೆಯುವ ಮೊದಲೇ ನಾನು ಮೇಡಂ ಮುಂದೆ ನಿಂತೆ. ದಾರಿಯುದ್ದಕ್ಕೂ ಹಿಂದಿಯಲ್ಲಿ ಮಾತು ಜೋಡಿಸಿಕೊಂಡು ಹೋಗಿದ್ದೆ, ಅಲ್ಲಿ ನಿಂತರೆ ಒಂದೂ ಬರಲಿಲ್ಲ. ಹುಡುಗಿಯ ಚೀಲದಲ್ಲಿದ್ದ ಜೈತುನಬಿಯ ಪತ್ರಿಕೆ ತೆಗೆದು ಅವರ ಕೈಗಿಟ್ಟೆ.

"ಇದನ್ನ ತಗೀರಿ ಮೇಡಂ."

"ಹೇಂ ಕಿತೆಂ?" ಇದೇನು ಎನ್ನುತ್ತ ಅವರು ತೆರೆದರು. ನಾವು ತೆರೆಯುವ ಹಾಗೆ, ಎಡದಿಂದ. ಕಡೆಯ ಪುಟದ ಹೊಲಿಗೆ ಮಷಿನ್ ಜಾಹೀರಾತು ಬಂತು. ಮುಬಶ್ಶಿರಾ ಕೈ ಚಾಚಿ ಪತ್ರಿಕೆಯನ್ನು ತಿರುವಿ, ಅವರ ಕೈಯಲ್ಲೇ ಮೊದಲ ಪುಟ ತೆರೆದಳು. ಬೆರಳನ್ನು ಬಲತುದಿಗೆ ಇಟ್ಟು ಎಡಕ್ಕೆ ಎಳೆದಳು.

"ಪುಸ್ತಕ ಓದಿದಂಗ ಇಡು ಅಂತ ನಾನ ಹೇಳೇನ್ರಿ," ಅಂದೆ. "ಅಕಿ ಹಂಗ ಇಟ್ಟಾಳ. ಎರಡನೇ ತಾರೀಖಿಗೆ ನನಗ ಗೊತ್ತಾಗೇತಿ. ಹನ್ನೆರಡು ದಿನ ಮುಚ್ಚಿಟ್ಟೇನಿ. ಏನ್ ಮಾಡೋದಿದ್ರೂ ನನಗ ಮಾಡ್ರಿ."

ಮೇಡಂ ಪತ್ರಿಕೆಯನ್ನೇ ನೋಡುತ್ತಿದ್ದರು. ಆಮೇಲೆ ಪೆಟ್ಟಿಗೆಗಳನ್ನು ನೋಡಿದರು, ನಲವತ್ತನ್ನೂ, ಒಂದು ತುದಿಯಿಂದ ಇನ್ನೊಂದು ತುದಿಗೆ.

"ಎಷ್ಟು ಸಾಲು?"

"ಅರ್ಧ ಇರಬೇಕ್ರಿ. ಯಾವು ನನ್ನವು, ಯಾವು ಅಕಿವು, ನೆನಪಿಲ್ರಿ."

ಗೋಡೆಯ ಮೇಲಿದ್ದ ಬಣ್ಣದ ಚಿತ್ರವನ್ನು ತೆಗೆದು ಸುರುಳಿ ಸುತ್ತಿಕೊಂಡು ಹೊರಗೆ ಹೋದರು. ಬಾಗಿಲು ಹಾಕಿಕೊಳ್ಳಿ ಎಂದಷ್ಟೇ ಮುಜಫ್ಫರನಿಗೆ ಹೇಳಿದ್ದು. ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ.

ಫೆಬ್ರುವರಿ 15, ಶನಿವಾರ

ಶೆಡ್ಡಿಗೆ ಬೀಗ. ಕೌದಿ, ಭರಣಿ ಒಳಗೆ.

ಮುಬಶ್ಶಿರಾ ಬಂದು ನನ್ನ ಹೊಸ್ತಿಲ ಮೇಲೆ ಕೂತಳು. ಪಾವ್ ಮಾರುವವನ ಸೈಕಲ್ ಹಾರ್ನ್ ಕೇಳಿ ನಾಲ್ಕು ಪಾವ್ ತಂದೆ. ಇಬ್ಬರೂ ಚಹಾದಲ್ಲಿ ಅದ್ದಿಕೊಂಡು ತಿಂದೆವು. "ಬ್ಯಾರೆ ಕೆಲಸ ನೋಡೂಣ್ರಿ ಅಕ್ಕಾ, ಇಬ್ರೂ ಕೂಡೇ," ಅಂದಳು. ನಾನು ಯುಗಾದಿಗೆ ಹೋಗುವವಳು ಎಂದು ಹೇಳಬೇಕಿತ್ತು, ಮರೆತೆ.

ಫೆಬ್ರುವರಿ 17, ಸೋಮವಾರ

ಎಂಟು ಗಂಟೆಗೇ ಮುಜಫ್ಫರ ಜೀಪು ತಂದು ನಿಲ್ಲಿಸಿದ. "ಮೇಡಂ ಕರಿಯಾಕತ್ತಾರ. ಇಬ್ರೂ ಬರ್ರಿ." ಮುಖ ನೋಡಿದರೆ ಏನೂ ಗೊತ್ತಾಗಲಿಲ್ಲ. ಆ ಮುಜಫ್ಫರನ ಮುಖ ಯಾವಾಗಲೂ ಹಾಗೇ.

ಮೇಡಂ ಒಂದನೇ ಪೆಟ್ಟಿಗೆ ತೆರೆದುಕೊಂಡು ಕೂತಿದ್ದರು. ಕಣ್ಣು ಊದಿತ್ತು. ಶನಿವಾರವೇ ದೊಡ್ಡ ಸಾರ್‌ಗೆ ಫೋನ್ ಮಾಡಿ, ಬಂಡೆ ಮಡಚಿದೆ ಎಂದು ತಾವು ಹೇಳಿದ್ದು ತಪ್ಪು ಎಂದು ಒಪ್ಪಿಕೊಂಡರಂತೆ. "ಕಲ್ಲನ್ನು ಓದಿದೆ ಅಂಬಿಕಾ, ಅದನ್ನು ಇಟ್ಟವರನ್ನು ಒಂದು ಮಾತು ಕೇಳಲಿಲ್ಲ," ಅಂದರು. ನಿಮ್ಮ ಮೇಲೆ ಸಿಟ್ಟಿದೆ, ಅದು ಇರುತ್ತದೆ, ಈಗ ಕೂಡಿ ಕೆಲಸ ಮಾಡಿ ಎಂದೂ ಅಂದರು. ಆಗ ನನಗೆ ಉಸಿರು ಬಂತು.

ಇನ್ನೂರು ಸಾಲು. ಒಂದು ಸಾಲಿನ ಕೊನೆಯ ಒಡಕಿಗೆ ಮುಂದಿನ ಸಾಲಿನ ಯಾವ ತುದಿ ಕೂಡುತ್ತದೆ ಎಂದು ನೋಡಬೇಕು. ಎಡತುದಿ ಕೂಡಿದರೆ ನನ್ನ ಸಾಲು, ಬಲತುದಿ ಕೂಡಿದರೆ ಅವಳದು. ಮುಬಶ್ಶಿರಾಳ ಕೈ ಎಂಥ ಕೈ! ಕಣ್ಣು ಮುಚ್ಚಿಕೊಂಡು ಒಡಕಿನ ಮೇಲೆ ಹೆಬ್ಬೆರಳು ಆಡಿಸಿ, "ಇದು ಇದಕ್ಕ" ಅನ್ನುತ್ತಾಳೆ. ತಪ್ಪುವುದೇ ಇಲ್ಲ. ಇವತ್ತು ಎಂಟು ಪೆಟ್ಟಿಗೆ ಸರಿಯಾದವು. ಕೌದಿಯ ಮೇಲೆ ಮೂವರೂ ಮೊಣಕಾಲೂರಿ ಕೂತಿದ್ದೆವು. ನಡುವೆ ಜಾಗ ಸಾಲದೆ ಮೇಡಂ ನನ್ನನ್ನು ಮೊಣಕೈಯಿಂದ ತಳ್ಳಿದರು. ನಾನೂ ತಳ್ಳಿದೆ.

ಫೆಬ್ರುವರಿ 21, ಶುಕ್ರವಾರ

ನಲವತ್ತೂ ಮುಗಿದವು. ನಮ್ಮ ಕಲ್ಲು ನೆಟ್ಟಗೆ ಮಲಗಿದೆ. ಪ್ರತಿ ಪದರದಲ್ಲೂ ದಪ್ಪ ಕೆಳಗೆ, ಸಣ್ಣದು ಮೇಲೆ, ಭರಣಿಯಲ್ಲಿ ಕೂತ ಮರಳಿನ ಹಾಗೇ. ಮೇಡಂ ಮುಖ ನೋಡಲು ನನಗೆ ಆಗಲಿಲ್ಲ.

ಆದರೆ ಒಂದು ಕಡೆ ಬಿಟ್ಟು.

ಇಪ್ಪತ್ಮೂರು, ಇಪ್ಪತ್ನಾಲ್ಕನೇ ಪೆಟ್ಟಿಗೆಗಳ ಒಡಕುಗಳೆಲ್ಲ ಎಡದಿಂದಲೇ ಸರಿಯಾಗಿ ಕೂಡುತ್ತವೆ. ಆದರೂ ಮಧ್ಯದ ಆರು ಸಾಲಿನಲ್ಲಿ ಪದರಗಳು ತಲೆಕೆಳಗು. ಮೇಡಂ ಮೂರು ಸಲ ನೋಡಿದರು. "ಇದನ್ನು ಇಟ್ಟವರು ಯಾರು? ಖಾತ್ರಿಯಾಗಿ ಹೇಳಬೇಕು. ಯಾರು?"

ಇಬ್ಬರಿಗೂ ನೆನಪಿಲ್ಲ. ನಂಬರ್ ಬರೆಯುವ ಪುಸ್ತಕದಲ್ಲಿ ನಂಬರ್ ಮಾತ್ರ ಇದೆ. ಆಗ ನನಗೆ ಈ ಪುಸ್ತಕದ ನೆನಪಾಯಿತು. ಮನೆಗೆ ಓಡಿ ತಂದೆ. ಜನವರಿ ಇಪ್ಪತ್ತೆರಡು. ಗಟ್ಟಿಯಾಗಿ ಓದಿದೆ: "ಹುಡುಗಿಗೆ ಜ್ವರ, ಬರಲಿಲ್ಲ. ಇಪ್ಪತ್ಮೂರು, ಇಪ್ಪತ್ನಾಲ್ಕು ಪೆಟ್ಟಿಗೆ ಒಬ್ಬಳೇ ಇಟ್ಟೆ."

"ಮುಂದ ಓದ್ರಿ ಅಕ್ಕಾ," ಅಂದಳು ಮುಬಶ್ಶಿರಾ.

"ಮುಂದ ಏನಿಲ್ಲ."

ಮೇಡಂ ಫೋಟೋ ತೆಗೆಯಲು ಕೈ ಚಾಚಿದರು. ನಾನು ಪುಸ್ತಕವನ್ನು ಎದೆಗೆ ಅವಚಿಕೊಂಡೆ. ಕೊನೆಗೆ ಭೂತಗನ್ನಡಿಯ ಸಾಲುಗಳ ಮೇಲೆ ನನ್ನ ಅಂಗೈ ಇಟ್ಟು ಮುಚ್ಚಿ, ಮೇಲಿನ ಸಾಲನ್ನಷ್ಟೇ ತೆಗೆಯಲು ಬಿಟ್ಟೆ. ಫೋಟೋದಲ್ಲಿ ನನ್ನ ಕೈಯೇ ದೊಡ್ಡದಾಗಿ ಬಂದಿದೆ.

ಆರು ಸಾಲು ಎಂದರೆ ಆರು ಮೀಟರ್, ಅದು ಏನೂ ಅಲ್ಲವಂತೆ. ಆದರೆ ಖರೇ ಮಡಿಕೆ ಇರಬಹುದಂತೆ, ಚಿಕ್ಕದು. ಪಕ್ಕದಲ್ಲಿ ಇನ್ನೊಂದು ತೂತು ಕೊರೆದರೆ ಮಾತ್ರ ಹೇಳಬಹುದು. ಮೇಡಂ ಈ ಸಲ ಕುಣಿಯಲಿಲ್ಲ. ಇಪ್ಪತ್ಮೂರನೇ ಪೆಟ್ಟಿಗೆಯನ್ನು ಮತ್ತೊಮ್ಮೆ ಅಳೆದು ಬರೆದುಕೊಂಡರು. ಎತ್ತಿಡಲು ಹೋದಾಗ ಅದರ ಮೊಳೆ ಕಿತ್ತುಬಂದು ತಳ ಬಾಯಿಬಿಟ್ಟಿತು. ಮನೆಯಿಂದ ಗಂಟಿನ ನೀಲಿ ಹಗ್ಗ ಬಿಚ್ಚಿ ತಂದು ಮೂರು ಸುತ್ತು ಹಾಕಿ ಬಿಗಿದೆ. ಬಾಯ್ನಾದ ಹಗ್ಗ, ಜಗ್ಗುವುದಿಲ್ಲ.

ಫೆಬ್ರುವರಿ 27, ಗುರುವಾರ

ದೊಡ್ಡ ಸಾರ್ ಬಂದಿದ್ದರು. ಬಿಳಿ ಗಡ್ಡ, ಕೈಯಲ್ಲಿ ಅಂಥದ್ದೇ ಭೂತಗನ್ನಡಿ. ಮೇಡಂ ಏನನ್ನೂ ಮುಚ್ಚಿಡದೆ ಮೊದಲಿನಿಂದ ಹೇಳಿದರು, ಪತ್ರಿಕೆ ತೋರಿಸಿದ್ದೂ ಸೇರಿ. ಸಾರ್ ನಕ್ಕುಬಿಟ್ಟರು. ಆಮೇಲೆ ಇಪ್ಪತ್ಮೂರು, ಇಪ್ಪತ್ನಾಲ್ಕನ್ನು ನೋಡಿದರು, ಆಗ ನಗಲಿಲ್ಲ. ಹೋಗುವಾಗ ಎರಡನೇ ತೂತಿಗೆ ಒಪ್ಪಿಗೆ ಕೊಟ್ಟರು. ಮೇಡಂ ಕಾಯಂ ವಿಷಯ ಯಾರೂ ಎತ್ತಲಿಲ್ಲ. ಆದರೂ ಅವರು ಸಂಜೆ ಹಾಡು ಗುನುಗುತ್ತ ಸ್ಕೂಟರ್ ಹತ್ತಿದರು.

ಶೆಡ್ಡಿನ ಕಿಟಕಿಯಿಂದ ಭರಣಿ ಮನೆಗೆ ತಂದು ತೊಳೆದೆ. ಖಾಲಿ ಇಡುವುದು ಯಾಕೆ ಎಂದು ನಿಂಬೆ ಉಪ್ಪಿನಕಾಯಿ ಹಾಕಿದೆ. ಹದಕ್ಕೆ ಬರಲು ನಲವತ್ತು ದಿನ ಬೇಕು. ಜೈತುನಬಿಗೆ ಒಂದು ಬಟ್ಟಲು ಕೊಡುತ್ತೇನೆ ಎಂದು ಹೇಳಿಬಿಟ್ಟಿದ್ದೇನೆ.

ಮಾರ್ಚ್ 4, ಮಂಗಳವಾರ

ಎರಡನೇ ತೂತು ಶುರುವಾಯಿತು. ಮೊದಲಿನದಕ್ಕಿಂತ ಐವತ್ತು ಹೆಜ್ಜೆ ಮೇಲೆ, ಗುಡ್ಡದ ತುದಿಯಲ್ಲೇ. ಅಲ್ಲಿ ನಿಂತರೆ ಘಟ್ಟದ ಸಾಲೆಲ್ಲ ಕಾಣುತ್ತದೆ, ಒಂದರ ಹಿಂದೊಂದು. ಇಷ್ಟು ದಿನ ನಾನು ತಲೆಯೆತ್ತಿಯೇ ನೋಡಿರಲಿಲ್ಲ.

ಈಗ ಪ್ರತಿ ಪೆಟ್ಟಿಗೆಯ ಎಡಮೂಲೆಗೆ ಕೆಂಪು ಬಾಣ. ಅದರ ಪಕ್ಕದಲ್ಲಿ "ಇಲ್ಲಿಂದ" ಎಂದು ನಾನು ಕನ್ನಡದಲ್ಲಿ, ಮುಬಶ್ಶಿರಾ ಉರ್ದುವಿನಲ್ಲಿ, ಮೇಡಂ ಇಂಗ್ಲಿಷಿನಲ್ಲಿ ಬರೆದೆವು. ಮುಬಶ್ಶಿರಾಳಿಗೆ ರೋಜಾ ಉಪವಾಸ, ನೀರೂ ಕುಡಿಯುವುದಿಲ್ಲ. ನೆರಳಲ್ಲಿ ಕೂತು ಒಡಕು ನೋಡುವ ಕೆಲಸವನ್ನಷ್ಟೇ ಅವಳಿಗೆ ಬಿಟ್ಟು, ಎತ್ತುವುದನ್ನು ನಾನೇ ನೋಡಿಕೊಂಡೆ. ಹಾರಿಹೋದರೆ ಜೈತುನಬಿಗೆ ಉತ್ತರ ಹೇಳುವವರು ಯಾರು.

ಕೆಲಸ ಹೆಚ್ಚಾಯಿತೆಂದು ಶಮಶಾದ ಎಂಬ ಹೆಂಗಸನ್ನೂ ತೆಗೆದುಕೊಂಡಿದ್ದಾರೆ. ಮೂವತ್ತರ ವಯಸ್ಸು, ಬಾಯಿ ಜೋರು. ಕಲಿಸುವ ಸರದಿ ನನ್ನದು.

"ನೋಡವಾ, ಭಾಳ ತೆಲಿ ಓಡಿಸಬ್ಯಾಡ. ಪುಸ್ತಕ..." ಎಂದು ಅರ್ಧಕ್ಕೇ ನಿಂತೆ. ಹಿಂದೆ ಮುಬಶ್ಶಿರಾ ಬಾಯಿಗೆ ದುಪಟ್ಟಾ ಒತ್ತಿಕೊಂಡು ನಗುತ್ತಿದ್ದಳು.

"ಯಾವ ಸಾಲ್ಯಾಗ ಕಲ್ತೀ ನೀ?" ಎಂದು ಕೇಳಿದೆ.

"ಸಾಲಿ ಮೆಟ್ಟಲಾ ಹತ್ತಿಲ್ರೀ," ಅಂದಳು ಶಮಶಾದ.

ಪಕ್ಕದಲ್ಲಿ ಕೂರಿಸಿಕೊಂಡು, ಅವಳ ಕೈ ಹಿಡಿದು ಬಾಣದ ಮೇಲಿಟ್ಟು, ಒಂದೊಂದೇ ತುಂಡು ಇಡಿಸಿದೆ. ಅರ್ಧ ಗಂಟೆ ಹಿಡಿಯಿತು.

ಸಂಜೆ ಅಣ್ಣ ಫೋನ್ ಮಾಡಿದ. "ಬಾಗಿಲಿಗೆ ನೀಲಿ ಹಚ್ಚೇವಿ. ಗಂಟು ಕಟ್ಟಿದಿಯೇನವಾ?"

"ಕಟ್ಟಾಕ ಹಗ್ಗ ಇಲ್ಲೋ."

"ನಿನ್ನ ಹಗ್ಗ ಎಲ್ಲಿ ಹೋತು? ಇಪ್ಪತ್ತು ವರ್ಷದ್ದು!"

"ಕಲ್ಲಿನ ಪೆಟ್ಟಿಗಿಗೆ ಕಟ್ಟೇನಿ."

ಅವನಿಗೆ ತಿಳಿಯಲಿಲ್ಲ. ಹಂಗಾದ್ರ ಯಾವಾಗ ಬರ್ತಿ ಅಂದ. ಎರಡನೇ ತೂತು ಮುಗಿದ ಮೇಲೆ, ಕಲ್ಲು ಏನು ಹೇಳುತ್ತದೋ ನೋಡಿ, ನಾಲ್ಕು ದಿನ ಇದ್ದು ಹೋಗುವ ಹಾಗೆ ಬರುತ್ತೇನೆ ಅಂದೆ. ಅಷ್ಟರಲ್ಲಿ ಉಪ್ಪಿನಕಾಯಿಯೂ ಹದಕ್ಕೆ ಬಂದಿರುತ್ತದೆ, ಅವನಿಗೂ ಒಯ್ಯಬಹುದು.

ಗಂಟಿನಲ್ಲಿ ಉಳಿದದ್ದನ್ನೂ ಹಲಗೆಯ ಮೇಲೆ ಜೋಡಿಸಿದೆ, ಗೋಣಿಚೀಲ ಖಾಲಿ ಬಿದ್ದಿತ್ತು. ಕತ್ತರಿಸಿ ಹೊಸ ಪೆಟ್ಟಿಗೆಗಳ ತಳಕ್ಕೆ ಹಾಸಲು ಶೆಡ್ಡಿಗೆ ಒಯ್ಯಬೇಕು. ಹೊಸ ಹಗ್ಗವನ್ನೂ ಒಂದು ತರಬೇಕು. ಸಾವರ್ಡೆ ಬಜಾರಿನಲ್ಲಿ ಸಿಗುತ್ತದೆ, ಅವಸರವೇನಿಲ್ಲ.